ಕಾಲರಿಗೆ ಸಿಕ್ಕಿಸಿದ ಟಿಶ್ಯೂ

ಬೆಳಿಗ್ಗೆ 10.50ಕ್ಕೆ ಸ್ಟುಡಿಯೋ ಮ್ಯಾನೇಜರ್ ಠಾಣೆಗೆ ಬಂದು ದೂರು ಬರೆದುಕೊಟ್ಟ. ಇಪ್ಪತ್ತು ವರ್ಷ ರಿಯಾಲಿಟಿ ಶೋ ಮಾಡಿ ಹೆಸರಾಗಿದ್ದ ನಿರ್ಮಾಪಕರು ಸ್ಟುಡಿಯೋದ ಕಬ್ಬಿಣದ ಮೆಟ್ಟಿಲಿನಿಂದ ಕಾಲು ಜಾರಿ ಬಿದ್ದು ಸತ್ತಿದ್ದಾರೆ. ಅಂದು ಅವರ ವೃತ್ತಿಜೀವನದ ಬಗ್ಗೆಯೇ ನೇರಪ್ರಸಾರದ ಸಂದರ್ಶನವಿತ್ತು. ಅಸಹಜ ಸಾವೆಂದು ಪ್ರಕರಣ ದಾಖಲಾಯಿತು.

11.30ಕ್ಕೆ ಪಂಚನಾಮೆ. ಇನ್ಸ್‌ಪೆಕ್ಟರ್ ಹೇಳುತ್ತ ಹೋದರು, ಹೆಡ್ ಕಾನ್‌ಸ್ಟೆಬಲ್ ಬರೆದುಕೊಂಡರು. ತಲೆಯ ಹಿಂಭಾಗ ಒಡೆದಿದೆ. ಎಡಗೈ ಮುರಿದಿದೆ. ಕಾಲರಿನ ಸುತ್ತ ಟಿಶ್ಯೂ ಕಾಗದ ಸಿಕ್ಕಿಸಿದೆ.

"ಇದ್ಯಾಕ್ರೀ?"

"ಊಟಕ್ಕೆ ಕೂತಿದ್ರೇನೋ ಸಾರ್."

"ಬೆಳಿಗ್ಗೆ ಹತ್ತು ಗಂಟೆಗೆ ಯಾವ ಊಟಾರೀ? ಸುಮ್ನೆ ಬರ್ಕೊಳ್ಳಿ."

ಮೆಟ್ಟಿಲಿನ ಮೇಲ್ತುದಿಯಲ್ಲಿ ಮೇಕಪ್ ಕೋಣೆ. ಇಪ್ಪತ್ತೆರಡು ವರ್ಷದಿಂದ ಅಲ್ಲಿ ಮೇಕಪ್ ಮಾಡುವ ಹೆಂಗಸನ್ನು ಎಲ್ಲರೂ ಅಕ್ಕ ಎನ್ನುತ್ತಿದ್ದರು.

"ನಿರ್ಮಾಪಕರು ಇಲ್ಲಿಗೆ ಬಂದಿದ್ರಾ?"

"ಇಲ್ಲ ಸಾರ್. ಹತ್ತೂವರೆಗೆ ಬರ್ಬೇಕಿತ್ತು. ಬರ್ತಾ ಬಿದ್ದಿರ್ಬೇಕು."

ಅಷ್ಟರಲ್ಲಿ ನಿರೂಪಕ ಬಂದು ಕುರ್ಚಿಯಲ್ಲಿ ಕುಳಿತ. ಹೆಣ ಎತ್ತುವ ಮೊದಲೇ ಶ್ರದ್ಧಾಂಜಲಿ ಕಾರ್ಯಕ್ರಮಕ್ಕೆ ತಯಾರಿ. ಟಿವಿಯವರು ಅಳುವುದಕ್ಕೂ ಹೊತ್ತು ಗೊತ್ತು ಮಾಡಿರುತ್ತಾರೆ. ಅಕ್ಕನ ಕೈ, ನೋಡದೆಯೇ, ಎರಡು ಟಿಶ್ಯೂ ಎಳೆದು ಅವನ ಕಾಲರಿಗೆ ಸಿಕ್ಕಿಸಿತು. ಬಟ್ಟೆಗೆ ಪೌಡರ್ ತಾಗಬಾರದಲ್ಲ.

ಇನ್ಸ್‌ಪೆಕ್ಟರ್ ನಿರೂಪಕನನ್ನು ಹೊರಗೆ ಕಳಿಸಿದರು.

"ಮೇಕಪ್ಪಿಗೆ ಬರದೇ ಇದ್ದೋರ ಕಾಲರಿಗೂ ಇದೇ ಇತ್ತಲ್ಲಮ್ಮ. ಯಾರು ಸಿಕ್ಕಿಸಿದ್ರು?"

ಅವಳು ತನ್ನ ಕೈಯನ್ನೇ ನೋಡಿಕೊಂಡಳು. "ಈ ಹಾಳು ಕೈ," ಎಂದಳು.

ಎಂಟು ವರ್ಷದ ಹಿಂದೆ ಅವಳ ಮಗಳೂ ಆ ನಿರ್ಮಾಪಕರ ಒಂದು ರಿಯಾಲಿಟಿ ಶೋನಲ್ಲಿದ್ದಳು. ಜೊತೆಯ ಹುಡುಗಿಯೊಬ್ಬಳು ತಾಯಿ ಸತ್ತ ಸುದ್ದಿ ಕೇಳಿ ಅಳುವಾಗ ಅಕ್ಕನ ಮಗಳು ಗಹಗಹಿಸಿ ನಗುವುದನ್ನು ನಾಡೆಲ್ಲ ನೋಡಿತು. ನಗು ಬೇರೆ ದಿನದ್ದು, ಯಾರದೋ ಜೋಕಿಗೆ ನಕ್ಕದ್ದು, ಎಡಿಟಿಂಗ್‌ನಲ್ಲಿ ಜೋಡಿಸಿದ್ದರು. ಜನ ಬೀದಿಯಲ್ಲಿ ಉಗಿದರು, ಗೊತ್ತಾಗಿದ್ದ ಮದುವೆ ಮುರಿಯಿತು. ಹುಡುಗಿ ಮನೆಯ ಹೊಸಿಲು ದಾಟದೆ ಎಂಟು ವರ್ಷವಾಗಿದೆ.

"ಅಂಥವರ ಹತ್ರಾನೇ ಕೆಲಸ ಮಾಡ್ಕೊಂಡಿದ್ರಾ?"

"ಅವಳಿಗೆ ಅನ್ನ ಹಾಕೋರ್ಯಾರು ಸಾರ್? ಒಂದ್ಸಲ ನಿಜ ಹೇಳಿ ಅಂತ ಕಾಲು ಹಿಡ್ಕೊಂಡೆ. ಜನ ಮರೀತಾರೆ ಬಿಡಕ್ಕ ಅಂದ್ರು."

"ಇವತ್ತೇನಾಯ್ತು?"

"ಇಲ್ಲೇ ಕೂತು ಸಂದರ್ಶನಕ್ಕೆ ಉತ್ತರ ಬಾಯಿಪಾಠ ಮಾಡ್ತಿದ್ರು. ನನ್ನ ವೃತ್ತೀಲೇ ಅತ್ಯುತ್ತಮ ಕೆಲಸ ಅಂದ್ರೆ ಎಲ್ಲಿಂದಲೋ ತಂದು ಆ ಹುಡುಗಿ ನಗು ಜೋಡಿಸಿದ್ದು ಅಂತ. ಕುತ್ತಿಗೆ ನನ್ನ ಕೈಲಿ ಕೊಟ್ಕೊಂಡು ಹೇಳಿದ್ರು ಸಾರ್. ಯಾರ ಮಗಳು ಅನ್ನೋದೂ ನೆನಪಿರ್ಲಿಲ್ಲ. ಆಮೇಲೆ ಫೋನ್ ಬಂತು ಅಂತ ಮೆಟ್ಟಿಲ ಹತ್ರ ಹೋದ್ರು. ಹಿಂದಿನಿಂದ ತಳ್ಳಿಬಿಟ್ಟೆ."

ಹೆಡ್ ಕಾನ್‌ಸ್ಟೆಬಲ್ ಬರೆಯುತ್ತಿದ್ದವರು ಪೆನ್ನು ನಿಲ್ಲಿಸಿ ಇನ್ಸ್‌ಪೆಕ್ಟರ್ ಮುಖ ನೋಡಿದರು. ಇಬ್ಬರಿಗೂ ಹೊಳೆದದ್ದು ಒಂದೇ. "ಬರ್ಕೊಳ್ಳಿ," ಎಂದರು ಇನ್ಸ್‌ಪೆಕ್ಟರ್.

ಪ್ರಕರಣ ಕೊಲೆಯೆಂದು ಬದಲಾಯಿತು. ಮಧ್ಯಾಹ್ನ 3.15ಕ್ಕೆ ಬಂಧನ. ಜೀಪಿನ ಬಾಗಿಲ ಬಳಿ ಅಕ್ಕ ತಟ್ಟನೆ ನಿಂತಳು.

"ಸಾರ್, ಅದನ್ನ ಅವರು ಇವತ್ತು ಟಿವೀಲಿ ಹೇಳ್ಬಿಟ್ಟಿದ್ರೆ... ನಗು ಬೇರೆ ದಿನದ್ದು ಅಂತ ಎಲ್ಲರಿಗೂ ಗೊತ್ತಾಗ್ತಿತ್ತಲ್ವಾ?"

ಇನ್ಸ್‌ಪೆಕ್ಟರ್ ಜೀಪಿನ ಬಾಗಿಲು ತೆಗೆದು ಹಿಡಿದರು.

"ಹತ್ತಮ್ಮ," ಎಂದರು.