ತಾತನ ಒಲೆ

ನಾನು ಕಣ್ಣಾರೆ ಕಂಡದ್ದನ್ನಷ್ಟೇ ಹೇಳುತ್ತೇನೆ. ಈ ದ್ವೀಪದ ಮೂಲನಿವಾಸಿಗಳಾದ ನಮ್ಮ ಮಾವೊರಿ ಜನರಲ್ಲಿ ಒಲೆ ಉರಿಯುತ್ತಿರುವವರೆಗೆ ನೆಲ ನಮ್ಮದು. ತಾತ ಪರಾತೆನೆ ಹೋದ ಚಳಿಗಾಲದಲ್ಲಿ ತೀರಿಕೊಂಡ ಮೇಲೆ ಅವನ ಒಲೆಯನ್ನು ಯಾರೂ ಹಚ್ಚಿರಲಿಲ್ಲ.

ಸರ್ಕಾರದ ಅಧಿಕಾರಿ ತಾತನ ಹಳೇ ಮನೆಗೆ ಬಂದ ಮಧ್ಯಾಹ್ನ ದೊಡ್ಡಮ್ಮ ಹಿನೆವೈ ಬಾಗಿಲಿಗೆ ಅಡ್ಡ ಕೂತಿದ್ದಳು.

"ಇಲ್ಲಿ ಯಾರೂ ವಾಸ ಇಲ್ಲ. ಜಾಗ ನಾವು ತಗೋತೀವಿ," ಅಂದ ಅವನು.

"ಮೊದಲು ಒಲೆ ಮುಟ್ಟಿ ನೋಡಪ್ಪ, ಆಮೇಲೆ ಮಾತಾಡು," ಅಂದಳು ದೊಡ್ಡಮ್ಮ, ದಾರಿ ಬಿಡುತ್ತಾ.

ನಾನೂ ಅವನ ಹಿಂದೆಯೇ ಒಳಗೆ ಹೋದೆ. ಸೂರು ಸೋರಿ ಬೂದಿಯೆಲ್ಲ ಕೆಸರಾಗಿತ್ತು. ಆದರೆ ತಾತನ ನಾಯಿ ಮಾತ್ರ ಚಳಿ ಕಾಯಿಸಿಕೊಳ್ಳುವಂತೆ ಒಲೆಯತ್ತ ಹೊಟ್ಟೆ ತಿರುಗಿಸಿ ಮಲಗಿತ್ತು. ಹೊಗೆಯೇ ಇರಲಿಲ್ಲ, ಆದರೂ ಸುಟ್ಟ ಗೆಣಸಿನ ವಾಸನೆ ಬರುತ್ತಿತ್ತು.

ಅಧಿಕಾರಿ ನಗುತ್ತಲೇ ಬೂದಿಗೆ ಕೈ ಹಾಕಿದ. ಚೀರಿ ಹಿಂದಕ್ಕೆ ಎಳೆದುಕೊಂಡ. ಅಂಗೈ ತುಂಬ ಬೊಬ್ಬೆ ಎದ್ದಿತ್ತು.

"ಮನೇಲಿ ಜನ ಇದ್ದಾರೆ ಅಂತ ಬರ್ಕೋ," ಎಂದು ದೊಡ್ಡಮ್ಮ ಜೀಪಿನತ್ತ ಓಡುತ್ತಿದ್ದವನ ಬೆನ್ನ ಹಿಂದೆ ಕೂಗಿ ಹೇಳಿದಳು.

ಜೀಪು ಹೋದ ಮೇಲೆ ನಾನೂ ಕೈ ಹಾಕಿದೆ. ಬೂದಿ ಹೊಳೆ ನೀರಿನಷ್ಟು ತಣ್ಣಗಿತ್ತು. ತಳದಲ್ಲಿ ಒಂದು ಗೆಣಸು ಸಿಕ್ಕಿತು. ಮುರಿದರೆ ಹಬೆ ಬಂತು.

"ಒಲೆ ಯಾವಾಗ ಹಚ್ಚಿದೆ, ದೊಡ್ಡಮ್ಮ?"

"ನಾನೆಲ್ಲಿ ಹಚ್ಚಿದೆ? ಆರೋಕೆ ಮುಂಚೆ ತಿನ್ನು."