ತರುಬಾಲಾಳ ಕೌದಿ

ಗಾಜಿನ ಪೆಟ್ಟಿಗೆಗೆ ಬೀಗ ಹಾಕಿದ್ದು ಹಾಕಿದಂತೆಯೇ ಇತ್ತು. ಒಳಗೆ ಕವಿಯ ಬೆಳ್ಳಿಯ ಎಲೆಯಡಿಕೆ ಡಬ್ಬಿ ಇತ್ತು, ಕನ್ನಡಕ ಇತ್ತು, ಪೆನ್ನು ಇತ್ತು. ಕೌದಿ ಮಾತ್ರ ಇರಲಿಲ್ಲ.

ಮಂಗಳವಾರ ಬೆಳಿಗ್ಗೆ ಅದನ್ನು ಮೊದಲು ನೋಡಿದವನು ಕಾವಲುಗಾರ ನಿತಾಯಿ. ಎರಡನೆಯವನು ನಾನು, ಮಂಟು ಸಿಕದಾರ್, ಬೇಲತಲಾದ ಒಂದೇ ಒಂದು ವಾರಪತ್ರಿಕೆಯ ಒಬ್ಬನೇ ವರದಿಗಾರ. ಮೂರನೆಯವರು ಬಡೋಬಾಬು ಜೂಥಿಕಾ ಹಾಲ್ದಾರ್. ಠಾಣೆಯ ಮುಖ್ಯಸ್ಥರು ಹೆಂಗಸಾದರೂ ನಮ್ಮೂರಿಗೆ ಅವರು ಬಡೋಬಾಬುವೇ.

ಬರುವ ಭಾನುವಾರ ಕವಿ ನಿಶಾಕರ ಲಾಹಿರಿಯವರ ಮನೆ ಸ್ಮಾರಕವಾಗಬೇಕಿತ್ತು. ಅವರ 'ಅಂಬಿಗನಿಲ್ಲದ ದೋಣಿ' ಬಾಯಿಪಾಠ ಬಾರದ ಮಗು ನಮ್ಮ ಕಡೆ ಇಲ್ಲ. ಆ ದೋಣಿ, ಅದರ ತುದಿಯಲ್ಲಿ ಕೂತ ಮಿಂಚುಳ್ಳಿ, ಒಳಗೆ ಉರಿಯುವ ಹಣತೆ ಎಲ್ಲವೂ ಕವಿಗೆ ಹೊಳೆದದ್ದು ಕಲಕತ್ತೆಯ ಜಮೀನ್ದಾರರ ಮಗಳೊಬ್ಬಳಿಂದ ಎಂದು ಸಮಿತಿಯ ಕಾರ್ಯದರ್ಶಿ ಪ್ರೊಫೆಸರ್ ಸುಬಿಮಲ್ ಭಾದುಡಿ ದಪ್ಪ ಪುಸ್ತಕ ಬರೆದಿದ್ದರು. ಪ್ರಶಸ್ತಿಯೂ ಬಂದಿತ್ತು.

ಸೋಮವಾರ ಸಂಜೆ ಎಂಬತ್ತೈದರ ಪುತುಲ್ ಮಾಸಿ ಮಡಿಸಿದ ಕೌದಿಯೊಂದನ್ನು ತಂದು, ಆ ದೋಣಿಯನ್ನು ಮೊದಲು ಹೊಲಿದವಳು ತನ್ನ ತಾಯಿ ಎಂದಳು. ತಾಯಿ ತರುಬಾಲಾ ಕವಿಯ ಮನೆಯಲ್ಲಿ ಅಡುಗೆ ಮಾಡಿಕೊಂಡಿದ್ದವಳು. ಅದುವರೆಗೆ ಗಾಜಿನ ಪೆಟ್ಟಿಗೆಯಲ್ಲಿರಲಿ, ಶನಿವಾರ ಪಂಡಿತರ ಮುಂದೆ ಕೌದಿ ಬಿಚ್ಚೋಣ, ನಿಜವಾದರೆ ಗೋಡೆಯ ಮೇಲೆ ತರುಬಾಲಾಳ ಹೆಸರು ಬರೆಸೋಣ ಎಂದು ಸಮಿತಿಯ ಅಧ್ಯಕ್ಷೆ ಒಪ್ಪಿದ್ದರು. ಈಗ ಕೌದಿಯೂ ಇಲ್ಲ, ಹೆಸರೂ ಇಲ್ಲ.

\*

"ಕೀಲಿ ಯಾರ ಹತ್ರ ಇರುತ್ತೆ?" ಎಂದು ಬಡೋಬಾಬು ಕೇಳಿದರು.

"ಒಂದು ನನ್ನ ಹತ್ರ, ಒಂದು ಪ್ರೊಫೆಸರ್ ಬಾಬು ಹತ್ರ. ನಾನು ಮುಟ್ಟಿಲ್ಲ ದಿದಿ, ನನ್ನ ಮಕ್ಕಳಾಣೆ," ಎಂದು ನಿತಾಯಿ ಅಳತೊಡಗಿದ.

ಹಳೇ ವಸ್ತುಗಳ ವ್ಯಾಪಾರಿಯೊಬ್ಬ ವಾರದಿಂದ ಊರಲ್ಲಿ ಸುಳಿದಾಡುತ್ತಿದ್ದ. ನಿತಾಯಿ ಅವನಿಗೇ ಕೌದಿ ದಾಟಿಸಿದ್ದಾನೆಂದು ಚಹಾದಂಗಡಿ ಆಗಲೇ ತೀರ್ಪು ಕೊಟ್ಟಾಗಿತ್ತು. ನಾನೂ ಹಾಗೇ ಅಂದುಕೊಂಡೆ.

"ಮಾರೋ ಕಳ್ಳ ಬೆಳ್ಳಿ ಡಬ್ಬಿ ಬಿಟ್ಟು ಹಳೇ ಸೀರೆ ತುಂಡು ಹೊತ್ಕೊಂಡು ಹೋಗ್ತಾನಾ, ಮಂಟು?" ಎಂದರು ಬಡೋಬಾಬು.

ಪುತುಲ್ ಮಾಸಿ ಅಲ್ಲೇ ಜಗುಲಿಯಲ್ಲಿ ನೆಟ್ಟಗೆ ಕೂತಿದ್ದಳು. ಅಳುತ್ತಿರಲಿಲ್ಲ.

"ನಾನು ಹೊಟ್ಟೇಲಿದ್ದಾಗ ನನಗೋಸ್ಕರ ಹೊಲಿದದ್ದಮ್ಮ. ಒಳಮಡಿಕೆ ಮೂಲೇಲಿ ಏನೋ ಹೊಲಿದಿದ್ದಾಳೆ. ನಂಗೆ ಓದೋಕೆ ಬರಲ್ಲ."

"ಯಾರಾದ್ರೂ ಓದಿದ್ದಾರಾ?"

"ಯಾರು ಓದ್ತಾರೆ? ಭಾದ್ರ ಮಾಸದಲ್ಲಿ ಒಂದಿನ ನಮ್ಮನೆ ಹಿತ್ತಲಲ್ಲಿ ಬಿಸಿಲಿಗೆ ಹಾಕ್ತೀನಿ, ಮತ್ತೆ ಮಡಿಸಿಡ್ತೀನಿ. ನಿನ್ನೆ ಇಲ್ಲೂ ಬಿಚ್ಚಲಿಲ್ಲ."

\*

ಮೂರು ದಿನ ಬಿಡದೆ ಮಳೆ. ಬಡೋಬಾಬು ಯಾರನ್ನೂ ಹಿಡಿಯಲಿಲ್ಲ. ಗುರುವಾರ ಪ್ರೊಫೆಸರ್ ತಾವೇ ಕೊಡೆ ಹಿಡಿದು ಠಾಣೆಗೆ ಬಂದರು.

"ಮುದುಕಿ ಮಾತು ಕೇಳ್ಕೊಂಡು ಊರೆಲ್ಲ ಅಲೀತಿದ್ದೀರಂತೆ. ಅಡುಗೆಯವಳಿಂದ ನಿಶಾಕರ ಲಾಹಿರಿ ಕಲಿಯೋದುಂಟಾ? ಬಂಗಾಳಿ ಪಂಚಾಂಗದ ಇಸವಿ ಸಾವಿರದ ಮುನ್ನೂರ ನಲವತ್ತೈದು ಅಂತ ಹೊಲಿದ ಮಾತ್ರಕ್ಕೆ ಅದು ಆ ವರ್ಷದ್ದಾಗಿಬಿಡುತ್ತಾ?"

"ನೀವು ಕೌದಿ ನೋಡಿದ್ರಾ, ಸರ್?"

"ಛೇ, ನಾನು ಕೈಯಲ್ಲೂ ಮುಟ್ಟಿಲ್ಲ."

ಬಡೋಬಾಬು ಅವರಿಗೆ ಶುಂಠಿ ಚಹಾ ಕುಡಿಸಿ ಕಳಿಸಿದರು. ಆಮೇಲೆ ಕಿಟಕಿಯಿಂದ ಮೋಡ ನೋಡುತ್ತ, "ಬಿಸಿಲು ಬರಲಿ, ಮಂಟು," ಎಂದರು. ಹೆಂಗಸಿಗೆ ತಲೆ ಕೆಟ್ಟಿದೆ ಎಂದುಕೊಂಡೆ.

\*

ಶುಕ್ರವಾರ ಚುರುಗುಟ್ಟುವ ಬಿಸಿಲು ಬಂತು. ಹತ್ತು ಗಂಟೆಯ ಹೊತ್ತಿಗೆ ಬಡೋಬಾಬು ನನ್ನನ್ನು ಠಾಣೆಯ ಮಾಳಿಗೆಗೆ ಎಳೆದೊಯ್ದು ದುರ್ಬೀನು ಕೈಗಿತ್ತರು. ಊರಿನ ಮಾಳಿಗೆಗಳೆಲ್ಲ ಬಣ್ಣಬಣ್ಣ. ರೇಷ್ಮೆ ಸೀರೆ, ಶಾಲು, ದಿಂಬು, ಉಪ್ಪಿನಕಾಯಿ ಭರಣಿ. ಭಾದ್ರದ ಬಿಸಿಲಿಗೆ ಪೆಟ್ಟಿಗೆ ಬಿಚ್ಚದ ಹೆಂಗಸು ಬೇಲತಲಾದಲ್ಲಿ ಇನ್ನೂ ಹುಟ್ಟಿಲ್ಲ.

"ಹಳದಿ ಮನೆ ನೋಡು. ಪ್ರೊಫೆಸರ್ ಏಳರ ರೈಲಿಗೆ ಕಾಲೇಜಿಗೆ ಹೋಗಿದ್ದಾರೆ. ಮನೇಲಿ ಅವರ ತಾಯಿ ಒಬ್ಬರೇ."

ಹಳದಿ ಮನೆಯ ಹಗ್ಗದ ಮೇಲೆ, ಎರಡು ಶಾಲುಗಳ ನಡುವೆ, ಅಂಬಿಗನಿಲ್ಲದ ದೋಣಿ ತೂಗುತ್ತಿತ್ತು. ತುದಿಯಲ್ಲಿ ಮಿಂಚುಳ್ಳಿ, ಒಳಗೆ ಹಣತೆ.

ನಾವು ಹೋದಾಗ ಪ್ರೊಫೆಸರರ ತಾಯಿ ಕಾಗೆ ಓಡಿಸುತ್ತಿದ್ದರು. "ನನ್ನ ಮಗನ ಪೆಟ್ಟಿಗೆ ತಳದಲ್ಲಿತ್ತು ನೋಡಮ್ಮ, ಪೇಪರ್ ಸುತ್ತಿ ಇಟ್ಟಿದ್ದ. ಮುಗ್ಗಲು ಹಿಡಿದುಹೋಗ್ತಿತ್ತು. ಎಂಥಾ ಕೈ ಅಂತೀನಿ, ಹೊಲಿದವಳದ್ದು."

\*

ಮಧ್ಯಾಹ್ನದ ರೈಲಿಗೆ ಬಂದ ಪ್ರೊಫೆಸರ್ ಠಾಣೆಯ ಮೇಜಿನ ಮೇಲೆ ಕೌದಿ ಕಂಡು ಕುರ್ಚಿ ಎಳೆದುಕೊಂಡು ಕೂತರು.

"ಬೀಗ ಒಡೆದಿರಲಿಲ್ಲ, ಬೆಳ್ಳಿ ಹೋಗಿರಲಿಲ್ಲ," ಎಂದರು ಬಡೋಬಾಬು. "ಅಂದ್ರೆ ಕದ್ದವರಿಗೆ ಬೇಕಾಗಿದ್ದು ಕೌದಿ ಅಲ್ಲ, ಕೌದಿ ಇಲ್ಲದಿರೋದು. ಒಳಮಡಿಕೆಯ ಇಸವಿ ಯಾರೂ ಓದಿರಲಿಲ್ಲ. ಮುಟ್ಟೇ ಇಲ್ಲ ಅಂದ ನೀವು ಅದನ್ನ ಹೇಳಿದ್ರಿ. ಪದ್ಯ ಬಂದದ್ದು ಅದಾಗಿ ಒಂಬತ್ತು ವರ್ಷಕ್ಕೆ. ನಿಮ್ಮ ಪುಸ್ತಕ ಅಲ್ಲಿಗೆ ಮುಗೀತು. ಆದ್ರೆ ಅದೊಂದು ಮಾತಿನ ಮೇಲೆ ನಿಮ್ಮಂಥವರ ಮನೆ ಜಾಲಾಡೋಕೆ ನನಗೆ ಯಾರೂ ವಾರಂಟ್ ಕೊಡಲ್ಲ. ಅದಕ್ಕೇ ಬಿಸಿಲಿಗೆ ಕಾದೆ. ಒಂದೇ ಒಂದು ಭಯ ಇತ್ತು, ಸುಟ್ಟುಬಿಟ್ಟಿದ್ರೆ ಅಂತ."

"ಕಡ್ಡಿ ಗೀರಿದೆ," ಎಂದರು ಪ್ರೊಫೆಸರ್ ತಲೆ ಎತ್ತದೆ. "ಆ ಪದ್ಯ ಹೇಳ್ಕೊಂಡು ಬೆಳೆದವನು ನಾನು. ಕೈ ಬರಲಿಲ್ಲ."

\*

ಶನಿವಾರ ಪಂಡಿತರು ಕೌದಿ ಬಿಚ್ಚಿ, ಒಳಮಡಿಕೆಯ ಇಸವಿ ಓದಿ, ಹೊಲಿಗೆ ಆ ಕಾಲದ್ದೇ ಎಂದು ಒಪ್ಪಿದರು. ಆಮೇಲೆ ಅಧ್ಯಕ್ಷೆ ಪುತುಲ್ ಮಾಸಿಯ ಕೈ ಹಿಡಿದು, ಗೋಡೆಯ ಮೇಲೆ ಬರೆಸುವುದನ್ನು ಓದಿ ಹೇಳಿದರು: "ಕವಿಯ ಸ್ಫೂರ್ತಿ, ಕುಟುಂಬದ ಆಪ್ತೆ, ಶ್ರೀಮತಿ ತರುಬಾಲಾ ದಾಸ್."

ನಮಗೆಲ್ಲ ಕಣ್ಣು ತುಂಬಿತ್ತು. ಮಾಸಿ ಮಾತ್ರ ಅಡ್ಡಡ್ಡ ತಲೆಯಾಡಿಸಿದಳು.

"ಆಪ್ತೆ ಗೀಪ್ತೆ ಬೇಡಮ್ಮ. ಅಡುಗೆಯವಳು ಅಂತ ಬರೆಸಿ. ಹೊಳೆ ಘಾಟಿನ ಮೆಟ್ಟಿಲ ಮೇಲೆ ಮೀನು ತೊಳೀತಾ ಕೂತಾಗಲೇ ಆ ದೋಣಿ ನೋಡಿದ್ದು ಅವಳು."

ಹಾಗೇ ಬರೆಸಿದರು. ಭಾನುವಾರದಿಂದ ನಮ್ಮೂರ ಮಕ್ಕಳು ಕವಿಯ ಹೆಸರಿಗಿಂತ ಮೊದಲು ಅವಳ ಹೆಸರು ಓದುತ್ತಾರೆ.