ಮೃಣಾಲಿಗೆ ದನಿ ಇರಲಿಲ್ಲ

"ನಿನ್ನನ್ನ ಬಿಟ್ಟು ನಾನೆಲ್ಲಿಗೆ ಹೋಗಲಿ?"

ಕತ್ತಲಲ್ಲಿ ಆ ದನಿ ಕೇಳಿದೊಡನೆ ಫಿಲೋಮಿನಾಳ ಮೈ ಜುಮ್ಮೆಂದಿತು.

ಪರದೆಯ ಮೇಲೆ ತುಟಿ ಅಲ್ಲಾಡಿಸುತ್ತಿದ್ದವಳು ಅವಳೇ. ಮೃಣಾಲಿ ಎಂದು ಹೆಸರಿಟ್ಟು ಹಿಂದಿ ಚಿತ್ರರಂಗ ಹೊತ್ತು ಮೆರೆಸಿದ ನಾಯಕಿ! ದನಿ ಮಾತ್ರ ವತ್ಸಲಾ ಎಂಬ ಡಬ್ಬಿಂಗ್ ಕಲಾವಿದೆಯದು. ವತ್ಸಲಾ ತೀರಿಕೊಂಡು ವರ್ಷಗಳೇ ಆಗಿದ್ದವು. ಆದರೂ ಟ್ಯಾಕ್ಸಿಯಲ್ಲಿ, ಪಕ್ಕದ ಮನೆಯ ಟಿವಿಯಲ್ಲಿ, ಫಿಲೋಮಿನಾಳ ಬಾಯಿಂದ ಸತ್ತವಳು ಮಾತಾಡುತ್ತಲೇ ಇದ್ದಳು...

ನಾಳೆ ಫಿಲೋಮಿನಾಳಿಗೆ ಜೀವಮಾನ ಸಾಧನೆಯ ಪ್ರಶಸ್ತಿ. ಅಲ್ಲಿ ತೋರಿಸುವ ತುಣುಕುಗಳನ್ನು ನೋಡಲು ಅಂಧೇರಿಯ ಈ ಸ್ಟುಡಿಯೊದ ಪುಟ್ಟ ಥಿಯೇಟರಿಗೆ ಬಂದಿದ್ದಳು. ವೇದಿಕೆಯಲ್ಲಿ ಬಾಯಿ ಬಿಟ್ಟರೆ ತಾನು ಬೆಳೆದ ವಸಾಯಿ ಮೀನುಪೇಟೆಯ ಒರಟು ದನಿ! 'ಇವಳು ಮೃಣಾಲಿಯೇ ಅಲ್ಲ' ಎಂದು ಜನ ನಗುವುದಿಲ್ಲವೇ? ಸುಮ್ಮನೆ ಕೈ ಮುಗಿದು ಇಳಿದುಬಿಡಬೇಕು ಎಂದುಕೊಂಡಿದ್ದಳು.

ದೀಪ ಹತ್ತಿತು. ಶಬ್ದದ ಮೇಜಿನ ಹಿಂದಿನಿಂದ ಎದ್ದವನನ್ನು ಕಂಡು ಅವಳೂ ತಟ್ಟನೆ ಎದ್ದಳು.

ಸೊಹ್ರಾಬ್! ಒಂದು ಕಾಲದಲ್ಲಿ ಅವಳು ಮದುವೆಯಾಗಬೇಕೆಂದಿದ್ದ ಸೌಂಡ್ ರೆಕಾರ್ಡಿಸ್ಟ್.

"ನೀನಾ! ನನ್ನ ದನಿ ಕೊಂದವನು!"

"ಜೋರಾಗೇ ಇದೆಯಲ್ಲ ಫಿಲೂ... ಸತ್ತ ಹಾಗೆ ಕಾಣಿಸ್ತಿಲ್ಲ."

"ತಮಾಷೆ ಸಾಕು! ಮೊದಲ ಸಿನಿಮಾದ ಡಬ್ಬಿಂಗ್ ದಿನ 'ಈ ದನಿ ನಡೆಯೋದಿಲ್ಲ' ಅಂತ ಪ್ರೊಡ್ಯೂಸರ್‌ಗೆ ಹೇಳಿದ್ದು ನೀನೇ ತಾನೇ? ಗಾಜಿನಾಚೆ ನಿಂತು ನಾನೇ ಹೆಡ್‌ಫೋನಲ್ಲಿ ಕೇಳಿದೀನಿ!"

ಸೊಹ್ರಾಬ್‌ನ ಮುಖ ಬಿಳಿಚಿಕೊಂಡಿತು.

"ಟಾಕ್‌ಬ್ಯಾಕ್ ಗುಂಡಿ..." ಎಂದು ತೊದಲಿದ. ಅದನ್ನು ಒತ್ತಿದಷ್ಟು ಹೊತ್ತು ಮಾತ್ರ ಗಾಜಿನಾಚೆಗೆ ಮಾತು ಕೇಳುತ್ತದೆ. "ಆಮೇಲಿನದು ಕೇಳಿಸಲಿಲ್ವಾ?"

"ಆಮೇಲೇನಿತ್ತು?"

"'ಈ ದನಿ ನಡೆಯೋದಿಲ್ಲ ಅಂದ್ರೆ ನಾನೂ ನಡೀತೀನಿ' ಅಂದೆ ಕಣೇ! ಸಿಟ್ಟಲ್ಲಿ ಎದ್ದುಬಿಟ್ಟೆ, ಬೆರಳು ಜಾರಿರಬೇಕು. ಕೆಲಸ ಬಿಟ್ಟು ಗೇಟಿನ ಹತ್ತಿರ ನಿನಗೋಸ್ಕರ ಕಾದೆ. ನೀನು ಕಾರಿನ ಗಾಜು ಏರಿಸ್ಕೊಂಡು ಹೋದೆ. ದೊಡ್ಡ ನಾಯಕಿ ಆಗ್ತಿದಾಳೆ, ಇನ್ನು ನಾನ್ಯಾಕೆ ಬೇಕು ಅಂದ್ಕೊಂಡೆ. ಮದುವೆ ಗಿದುವೆಯ ಗೋಜಿಗೇ ಹೋಗಲಿಲ್ಲ."

ಫಿಲೋಮಿನಾ ಕುರ್ಚಿಗೆ ಕುಸಿದಳು. ಅರ್ಧ ಮಾತಿಗೆ ಇಡೀ ಬದುಕು ಹೋಯಿತೇ! ಅಯ್ಯೋ, ಒಮ್ಮೆ ಬಾಯಿಬಿಟ್ಟು ಕೇಳಬಾರದಿತ್ತೇ ನಾನು? ಅವತ್ತಿನಿಂದ ತನ್ನ ದನಿಗೆ ನಾಚಿ ಅವಳು ಇಗರ್ಜಿಯ ಪ್ರಾರ್ಥನೆಯಲ್ಲೂ ಪಿಸುಗುಟ್ಟುತ್ತಲೇ ಬಂದಿದ್ದಳು.

"ವತ್ಸಲಾ ನನ್ನ ಬಿಡ್ತಿಲ್ಲ, ಸೊಹ್ರಾಬ್. ಕನಸಲ್ಲೂ ನಾನು ಅವಳ ದನಿಯಲ್ಲೇ ಮಾತಾಡ್ತೀನಿ. ನಾನು ಹೋದ ಮೇಲೂ ಉಳಿಯೋಳು ಅವಳೇ..."

"ಪಾಪ, ಅವಳ ಮುಖ ಯಾರೂ ನೋಡಲಿಲ್ಲ, ನಿನ್ನ ದನಿ ಯಾರೂ ಕೇಳಲಿಲ್ಲ. ನಾಳೆ ಅವಳ ಹೆಸರು ಹೇಳು. ನಿನ್ನ ದನಿಯಲ್ಲೇ ಹೇಳು."

"ನಗ್ತಾರೆ!"

"ನಗಲಿ ಬಿಡು. ಮುಂದಿನ ಸಾಲಲ್ಲಿ ನಾನು ಕೂತಿರ್ತೀನಿ."

ಪರದೆಯ ಮೇಲೆ ಎಳೆಯ ಮೃಣಾಲಿ ಬಾಯಿ ತೆರೆದು ನಿಂತುಬಿಟ್ಟಿದ್ದಳು. ಫಿಲೋಮಿನಾ ಅವಳೆದುರು ಎದ್ದು ನಿಂತಳು.

"ನಾನು ಫಿಲೋಮಿನಾ. ಇಷ್ಟು ದಿನ ನೀವು ಕೇಳಿದ್ದು ವತ್ಸಲಾಳ ದನಿ. ಅವಳಿಲ್ಲದೆ ನಾನಿಲ್ಲ."

ಒರಟು ದನಿ ಖಾಲಿ ಥಿಯೇಟರಿನ ತುಂಬ ಹರಡಿತು. ಸೊಹ್ರಾಬ್ ಕಣ್ಣೊರೆಸಿಕೊಂಡ.

"ಮತ್ತೊಮ್ಮೆ ಹೇಳು."

"ಯಾಕೆ, ಚೆನ್ನಾಗಿರಲಿಲ್ವಾ?"

"ಚೆನ್ನಾಗಿತ್ತು. ನನಗೆ ಸಾಕಾಗಲಿಲ್ಲ..."

ಅವಳು ಅವನ ಕೈ ಹಿಡಿದುಕೊಂಡಳು.

"ಹಾಗಾದ್ರೆ ಮನೆಗೆ ಬಾ. ಸಾಕಪ್ಪಾ ಸಾಕು ಅನ್ನೋವರೆಗೂ ಮಾತಾಡ್ತೀನಿ."